ಸಹಾಯ ಬೇಕು: ಹಾಡಿನ ಕಡತಗಳಿಗೆ ಸಾಹಿತ್ಯ ಸೇರಿಸುವುದು

ಎಲ್ಲರಿಗೂ ನಮಸ್ಕಾರ. ನನ್ನ ಸಂಗ್ರಹದಲ್ಲಿ ಸುಮಾರು 3,000 ಹಾಡುಗಳಿವೆ; ಹೆಚ್ಚಿನವು ಎಂಪಿ3, ಉಳಿದವು ಫ್ಲ್ಯಾಕ್ (ಗುಣಮಟ್ಟ ಕುಂದದಂತೆ ಉಳಿಸಿದ ಧ್ವನಿ ಕಡತ). ಎಲ್ಲಕ್ಕೂ ಸಾಹಿತ್ಯ ಸೇರಿಸಬೇಕೆಂಬ ಹುಚ್ಚು ಹಿಡಿದಿದೆ. ಎಂಪಿ3ಟ್ಯಾಗ್ ತಂತ್ರಾಂಶದಲ್ಲಿ ಒಂದೊಂದಾಗಿ ಅಂಟಿಸುತ್ತಾ ಕುಳಿತೆ. ನಲವತ್ತು ಮುಗಿಯುವಷ್ಟರಲ್ಲಿ ಉತ್ಸಾಹವೂ ಮುಗಿಯಿತು.

ಈಗ ತಲೆನೋವಾಗಿರುವುದು ಲಿಪಿ. ಕಂಪ್ಯೂಟರಿನಲ್ಲಿ ಸೊಗಸಾಗಿ ಕಾಣುವ ಕನ್ನಡ ಸಾಲುಗಳು ನನ್ನ ಹಳೆಯ ಪ್ಲೇಯರಿನಲ್ಲಿ ಬರೀ ಪ್ರಶ್ನಾರ್ಥಕ ಚಿಹ್ನೆಗಳಾಗುತ್ತವೆ. ಎಂಪಿ3 ಕಡತದೊಳಗೆ ಹಾಡಿನ ವಿವರ, ಸಾಹಿತ್ಯಗಳನ್ನು ಹಿಡಿದಿಡುವ ಐಡಿ3 ಟ್ಯಾಗಿನ 2.3 ಆವೃತ್ತಿಯಲ್ಲಿ ಅಕ್ಷರಗಳನ್ನು ಉಳಿಸುವ ಯುಟಿಎಫ್-8 ಸಂಕೇತ ಪದ್ಧತಿಗೆ ಅವಕಾಶವಿಲ್ಲ, ಯುಟಿಎಫ್-16 ಬೇಕು ಎಂದು ಓದಿ ಹಾಗೆಯೇ ಉಳಿಸಿದೆ. ಫಲವಿಲ್ಲ. 2.4ಕ್ಕೆ ಬದಲಿಸಿದರೆ ಸರಿಹೋದೀತೇ, ಅಥವಾ ಪ್ಲೇಯರಿನಲ್ಲಿ ಕನ್ನಡ ಅಕ್ಷರಗಳೇ ಇಲ್ಲವೇ? (ಐಡಿ3 ಟ್ಯಾಗನ್ನೇ ನೆಚ್ಚದ ಫ್ಲ್ಯಾಕ್ ಹಾಡುಗಳದ್ದೂ ಇದೇ ಗತಿಯಾದ್ದರಿಂದ ನನ್ನ ಅನುಮಾನ ಎರಡನೆಯದರ ಮೇಲೆ.)

ಇನ್ನೊಂದು ವಿಷಯ. ಹಾಡಿನ ಹೆಸರಿನಲ್ಲೇ ಎಲ್‌ಆರ್‌ಸಿ ಕಡತವೊಂದನ್ನು (ಪ್ರತಿ ಸಾಲಿಗೂ ಸಮಯ ಗುರುತಿಸಿದ ಸಾಹಿತ್ಯದ ಕಡತ) ಅದೇ ಫೋಲ್ಡರಿನಲ್ಲಿಟ್ಟರೆ ಮೊಬೈಲಿನಲ್ಲಿ ಸಾಲುಗಳು ಹಾಡಿನೊಂದಿಗೆ ಸರಿಯುತ್ತವೆ. ಆದರೆ ನನಗೆ ಸಿಕ್ಕ ಕಡತಗಳು ಗಾಯಕರಿಗಿಂತ ಎರಡು ಸೆಕೆಂಡು ಮುಂದೆ ಓಡುತ್ತವೆ! ಕಡತದ ಆರಂಭದಲ್ಲಿ ಆಫ್‌ಸೆಟ್ (ಎಲ್ಲ ಸಾಲುಗಳ ಸಮಯವನ್ನೂ ಇಷ್ಟು ಸರಿಸು ಎಂಬ ಸೂಚನೆ) ಬರೆದು ನೋಡಿದೆ. ಆ್ಯಪ್ ಅದನ್ನು ಲೆಕ್ಕಕ್ಕೇ ತೆಗೆದುಕೊಳ್ಳಲಿಲ್ಲ. ಎಲ್ಲ ಸಾಲುಗಳ ಸಮಯವನ್ನೂ ಒಂದೇ ಬಾರಿಗೆ ತಡವಾಗಿಸುವ ಉಚಿತ ತಂತ್ರಾಂಶ ಯಾರಾದರೂ ಬಳಸಿದ್ದರೆ ದಯವಿಟ್ಟು ಹೆಸರು ತಿಳಿಸಿ. ವಿಂಡೋಸ್ ಆದರೂ ಸರಿ, ಲಿನಕ್ಸ್ ಆದರೂ ಸರಿ.