ಒಂದೇ ಕ್ಯಾನು, ಮೂರು ಮನೆ

ಗುಂಪು: ಬಸವನಗುಡಿ ಮನೆಯವರು

ಚಿಕ್ಕಪ್ಪ (ಫಾರ್ವರ್ಡ್): ಎಚ್ಚರ!! ಬಟ್ಟೆಗೆ ಹಾಕುವ ಕಂಡೀಷನರ್ ಗಟ್ಟಿಯಾದರೆ ಅದರಲ್ಲಿ ಮೇಣ ಕಲಬೆರಕೆ ಆಗಿದೆ ಎಂದರ್ಥ. ಕೂಡಲೇ ಎಸೆಯಿರಿ. ಎಲ್ಲರಿಗೂ ತಿಳಿಸಿ.

ಚಿಕ್ಕಪ್ಪ: ಅತ್ತಿಗೆ, ನೋಡಿದ್ರಾ? ಚಿಕ್ಕಪೇಟೆಯಿಂದ ನಾನೇ ಹೊತ್ತು ತಂದ 5 ಲೀಟರ್ ಕ್ಯಾನು ನಕಲಿ. ನಾಳೆ ವಾಪಸ್ ಕೊಟ್ಟು ಬರ್ತೀನಿ.

ದೊಡ್ಡಮ್ಮ: ನನ್ನ ಪಾಲಿನ ಫೋಟೊ ಹಾಕಿದೀನಿ ನೋಡಿ. ಒಡೆದ ಹಾಲಿನ ಹಾಗೆ ಗಸಿ ಗಸಿ. ಮುಚ್ಚಳಕ್ಕೆ ಬಗ್ಗಿಸಿದ್ರೆ ಉಂಡೆ ಬೀಳುತ್ತೆ.

ಅಕ್ಕ: ನಮ್ಮನೇದು ಗಂಜಿ ಥರ ಮಂದ ಆಗಿದೆ. ಉಂಡೆ ಇಲ್ಲ.

ನಾನು: ನಂದು ತಂದ ದಿನ ಹೇಗಿತ್ತೋ ಹಾಗೇ ಇದೆ. ಚಿಕ್ಕಪ್ಪ, ಒಂದೇ ಕ್ಯಾನಿಂದ ಮೂರು ಮನೆಗೂ ಸುರಿದುಕೊಂಡಿದ್ದು. ನಕಲಿ ಆಗಿದ್ರೆ ಮೂರೂ ಕೆಡಬೇಕಿತ್ತಲ್ಲ?

ಚಿಕ್ಕಪ್ಪ: ಹಾಗಾದ್ರೆ ಚಳಿ. ಡಿಸೆಂಬರ್‌ನಲ್ಲಿ ಕೊಬ್ಬರಿ ಎಣ್ಣೆ ಹೆಪ್ಪುಗಟ್ಟಲ್ವಾ?

ನಾನು: ಊಹೆ ತಪ್ಪಲ್ಲ, ಇದರಲ್ಲೂ ಕೊಬ್ಬಿನ ಅಂಶಾನೇ ಇರೋದು. ಒಮ್ಮೆ ಹೆಪ್ಪುಗಟ್ಟಿ ಕರಗಿದ್ರೆ ಕೆಡೋದೂ ನಿಜ, ಆದರೆ ಅದಕ್ಕೆ ಮಂಜುಗಡ್ಡೆ ಕಟ್ಟೋವಷ್ಟು ಚಳಿ ಬೇಕು. ಬೆಂಗಳೂರಲ್ಲಿ ದಾಖಲಾದ ಅತಿ ಕಡಿಮೆ ಉಷ್ಣಾಂಶವೇ 7.8 ಡಿಗ್ರಿ, ಅದೂ 1884ರ ಜನವರಿಯಲ್ಲಿ. ದೊಡ್ಡಮ್ಮ, ನೀವು ಯಾವ ಬಾಟಲಿಗೆ ಹಾಕಿಟ್ರಿ?

ದೊಡ್ಡಮ್ಮ: ಲಿಕ್ವಿಡ್ ಸೋಪಿಂದು ಖಾಲಿಯಾಗಿತ್ತಲ್ಲ, ಅದಕ್ಕೇ. ತಳದಲ್ಲಿ ಒಂಚೂರು ಉಳಿದಿತ್ತು, ಸುಮ್ನೆ ಯಾಕೆ ಚೆಲ್ಲೋದು ಅಂತ ಬಿಟ್ಟೆ.

ನಾನು: ಅಲ್ಲೇ ಆಗಿರೋದು ದೊಡ್ಡಮ್ಮ. ಕಂಡೀಷನರ್ ಅಂದ್ರೆ ಬಹುಪಾಲು ನೀರು, ಅದರಲ್ಲಿ ತೇಲೋ ಸಣ್ಣ ಸಣ್ಣ ಕೊಬ್ಬಿನ ಕಣ. ಆ ಕಣಗಳಿಗೆಲ್ಲ ಧನ ವಿದ್ಯುದಂಶ. ಎಲ್ಲದಕ್ಕೂ ಒಂದೇ ಆದ್ದರಿಂದ ಒಂದನ್ನೊಂದು ದೂರ ತಳ್ತಾ ಇರುತ್ತೆ, ಅದಕ್ಕೇ ನೀರಾಗಿ ಉಳಿಯೋದು. ಸೋಪಿನ ಲಿಕ್ವಿಡ್‌ನಲ್ಲಿ ಮುಖ್ಯವಾಗಿ ಇರೋದು ಋಣ ವಿದ್ಯುದಂಶದ್ದು. ಎರಡೂ ಸೇರಿದ್ರೆ ಅಂಟಿಕೊಂಡು ಗಸಿ ಕಟ್ಟುತ್ತೆ. ಮಷೀನಿನಲ್ಲಿ ಸೋಪು ಹೋದ ಮೇಲೆ, ಕೊನೇ ಜಾಲಾಟದಲ್ಲಿ ಮಾತ್ರ ಇದನ್ನ ಬಿಡೋದೂ ಅದಕ್ಕೇ.

ದೊಡ್ಡಮ್ಮ: ಬಿಸಿನೀರು ಹಾಕಿ ಕಲಕಿದ್ರೆ?

ನಾನು: ಇಲ್ಲ, ಒಡೆದಿದ್ದು ಮತ್ತೆ ಕೂಡಲ್ಲ. ದಯವಿಟ್ಟು ಬಟ್ಟೆಗೆ ಹಾಕಬೇಡಿ, ಜಿಡ್ಡಿನ ಕಲೆ ಕೂರುತ್ತೆ.

ಅಕ್ಕ: ನನ್ನದು? ನಾನು ಕ್ಯಾನಲ್ಲೇ ಇಟ್ಟಿದೀನಿ, ಬೇರೆ ಏನೂ ಬೆರೆಸಿಲ್ಲ.

ನಾನು: ಎಲ್ಲಿಟ್ಟಿದೀಯ?

ಅಕ್ಕ: ಯುಟಿಲಿಟಿ ಕಟ್ಟೆ ಮೇಲೆ. ಮಧ್ಯಾಹ್ನದ ಬಿಸಿಲು ನೇರ ಬೀಳುತ್ತೆ. ಮುಚ್ಚಳ... ಕೆಲಸದವರು ಸಡಿಲ ಬಿಟ್ಟಿರ್ತಾರೆ.

ನಾನು: ನೀರಿನಂಶ ಆರಿ ಮಂದವಾಗಿದೆ. ಇದನ್ನ ಸರಿ ಮಾಡಬಹುದು. ಒಂದು ಸಲಕ್ಕೆ ಬೇಕಾದಷ್ಟನ್ನ ಮಗ್‌ಗೆ ತಗೊಂಡು, ಉಗುರುಬೆಚ್ಚಗಿನ ನೀರು ಸ್ವಲ್ಪ ಸ್ವಲ್ಪ ಹಾಕುತ್ತಾ ಕದಡು. ಸರಾಗ ಸುರಿಯೋ ಹಾಗಾದ್ರೆ ಸಾಕು. ಕ್ಯಾನಿಗೇ ನೀರು ಸುರಿಯಬೇಡ, ಕೆಡದಿರಲಿ ಅಂತ ಹಾಕಿರೋ ಅಂಶವೂ ತೆಳ್ಳಗಾಗಿ ವಾಸನೆ ಬರಬಹುದು. ಮತ್ತೆ ಮಷೀನಿನ ಟ್ರೇ ಎಳೆದು ಹೂವಿನ ಗುರುತಿರೋ ಖಾನೆ ನೋಡು.

ಅಕ್ಕ: ನೋಡಿದೆ! ಒಳಗಿನ ಸಣ್ಣ ಕೊಳವೆ ಸುತ್ತ ನೀಲಿ ಕೆನೆ ಕಟ್ಟಿದೆ. ಹೋದ ವಾರದಿಂದ ನೀರು ಅಲ್ಲೇ ನಿಲ್ತಿತ್ತು, ಮೆಕ್ಯಾನಿಕ್ ಕರೆಸಬೇಕು ಅಂತಿದ್ದೆ.

ನಾನು: ಮುಚ್ಚಳದ ಭಾಗ ಕಿತ್ತು ಬಿಸಿನೀರಲ್ಲಿ ನೆನೆಸಿ, ಹಳೇ ಬ್ರಷ್‌ನಲ್ಲಿ ಉಜ್ಜು.

ದೊಡ್ಡಮ್ಮ: ನಮ್ಮದು ಬೋರ್‌ವೆಲ್ ನೀರು, ಟವೆಲ್ಲು ಹಪ್ಪಳ ಆಗುತ್ತೆ ಅಂತಾನೇ ಇದನ್ನ ತಗೊಂಡಿದ್ದು.

ನಾನು: ಟವೆಲ್‌ಗೆ ಬೇಡ ದೊಡ್ಡಮ್ಮ. ಎಳೆ ಮೇಲೆ ಕೊಬ್ಬಿನ ಪದರ ಕೂತು ನೀರು ಹೀರೋದು ಕಮ್ಮಿ ಆಗುತ್ತೆ. ಸೀರೆ, ಬೆಡ್‌ಶೀಟಿಗೆ ಹಾಕಿ.

ಚಿಕ್ಕಪ್ಪ: ಆಯ್ತಮ್ಮ, ವಾಪಸ್ ಕೊಡಲ್ಲ. ಆದ್ರೂ ಅಂಗಡಿಯವನನ್ನ ಒಂದು ಮಾತು ಕೇಳೇ ಕೇಳ್ತೀನಿ, ಕ್ಯಾನು ಅವನ ಹತ್ರ ಎಷ್ಟು ದಿನ ಬಿಸಿಲಲ್ಲಿತ್ತೋ.

ನಾನು: ಕೇಳಿ ಚಿಕ್ಕಪ್ಪ, ತಯಾರಾದ ತಿಂಗಳೂ ನೋಡಿ. ಆ ಫಾರ್ವರ್ಡ್ ಮಾತ್ರ ಬೇರೆ ಗುಂಪಿಗೆ ಕಳಿಸಬೇಡಿ. ದೊಡ್ಡಮ್ಮ, ಭಾನುವಾರ ಬರುವಾಗ ನನ್ನ ಪಾಲಲ್ಲಿ ಅರ್ಧ ತರ್ತೀನಿ. ಒಂದು ಬಾಟಲಿ ಚೆನ್ನಾಗಿ ತೊಳೆದು ಒಣಗಿಸಿಡಿ.