ಹಗೇವು ತುಂಬಿದ ಮೇಲೆ ಆಟದಲ್ಲಿ ಏನು ಉಳಿಯುತ್ತದೆ?

ಗುಮ್ಮಟದ_ನೆರಳು (ವಿಜಯಪುರ)
ಪ್ರಾಜೆಕ್ಟ್ ಜೊಂಬಾಯ್ಡ್‌ನಲ್ಲಿ (ಜೊಂಬಿ ಅನ್ನುವ ನಡೆದಾಡುವ ಹೆಣಗಳ ನಡುವೆ ಬದುಕುಳಿಯುವ ಕಂಪ್ಯೂಟರ್ ಆಟ) ನನ್ನ ಪಾತ್ರ ಮೊನ್ನೆ ಆಟದ ಲೆಕ್ಕದಲ್ಲಿ 6 ತಿಂಗಳು ದಾಟಿತು. ರೋಸ್‌ವುಡ್ ಊರಿನ ಫೈರ್ ಸ್ಟೇಷನ್ನೇ ನನ್ನ ಮನೆ. ಸುತ್ತ ಕಟ್ಟಿಗೆಯ ಗೋಡೆ, ಎರಡು ಜನರೇಟರ್, ಮಾಳಿಗೆ ಮೇಲೆ ಮಳೆನೀರಿನ ಬ್ಯಾರಲ್, ಫ್ರೀಜರ್ ತುಂಬ ಮೀನು. ಎಲ್ಲ ಇದೆ. ಆದರೆ ನಿನ್ನೆ ಆಟ ತೆರೆದು ಹತ್ತು ನಿಮಿಷ ಸುಮ್ನೆ ನಿಂತೆ, ಏನು ಮಾಡಬೇಕು ಅಂತಲೇ ಹೊಳೆಯಲಿಲ್ಲ, ಮುಚ್ಚಿಬಿಟ್ಟೆ.

ಮೊದಲ ವಾರ ಹೀಗಿರಲಿಲ್ಲ. ಕೈಯಲ್ಲಿ ಒಂದು ಬಾಣಲೆ, ಹೊಟ್ಟೆಯಲ್ಲಿ ಹಸಿವು, ಪ್ರತಿ ಬಾಗಿಲು ತೆರೆಯುವಾಗಲೂ ಎದೆ ಹೊಡೆದುಕೊಳ್ಳುತ್ತಿತ್ತು. ಮಾಮೂಲಿ ಸೆಟ್ಟಿಂಗ್‌ನಲ್ಲಿ ಕರೆಂಟು, ನೀರು ಮೊದಲ ತಿಂಗಳಲ್ಲೇ ಹೋಗುತ್ತವೆ. ಜೊಂಬಿಗಳ ಸಂಖ್ಯೆ 28ನೇ ದಿನಕ್ಕೆ ತುದಿ ಮುಟ್ಟುತ್ತದೆ. ಅಲ್ಲಿಗೆ ಆಟದ ಹತ್ತಿರ ಇರುವ ದೊಡ್ಡ ಪೆಟ್ಟುಗಳೆಲ್ಲ ಖಾಲಿ. ಶುರುವಿನಲ್ಲೇ 'ನೀನು ಸತ್ತದ್ದು ಹೀಗೆ' ಅಂತ ತೋರಿಸುವ ಆಟ, 6 ತಿಂಗಳಾದರೂ ನನ್ನನ್ನು ಕೊಲ್ಲಲು ಮನಸ್ಸೇ ಮಾಡುತ್ತಿಲ್ಲ. ಕಷ್ಟ ಹೋಗ್ತಾ ಹೋಗ್ತಾ ಏರಬೇಕು ಅಲ್ವಾ? ಇಲ್ಲಿ ಇಳಿಯುತ್ತಿದೆ. ಕೊನೆಯ ಹಂತಕ್ಕೆ ಒಂದು ಗುರಿ, ಒಂದು ಗಂಡಾಂತರ ಆಟ ಮಾಡಿದವರೇ ಇಡಬೇಕು ಅಂತ ನನ್ನ ವಾದ. ನಿಮ್ಮದು?

ಇಟ್ಟಂಗಿ_ಭಟ್ಟಿ (ವಿಜಯಪುರ)
ನಾನು ಒಪ್ಪುವುದಿಲ್ಲ. ಗುರಿ ನಮ್ಮದಾಗಿದ್ದರೇ ಅದಕ್ಕೆ ಬೆಲೆ.

ಮೈನ್‌ಕ್ರಾಫ್ಟ್ ನೋಡಿ, ಬ್ಲಾಕ್ ಅಗೆದು ಜೋಡಿಸಿ ಕಟ್ಟುವ ಆಟ. ಎಂಡರ್ ಡ್ರ್ಯಾಗನ್ ಅನ್ನುವ ಕೊನೆಯ ವೈರಿಯನ್ನು ಕೊಂದರೆ ಆಟ ಮುಗಿದ ಹಾಗೆ ಪರದೆ ಮೇಲೆ ಅಕ್ಷರ ಓಡುತ್ತವೆ, ಆದರೆ ಅಲ್ಲಿಗೆ ನಿಲ್ಲಿಸಿದವರನ್ನು ನಾನು ಹೆಚ್ಚು ನೋಡಿಲ್ಲ. ನಾನು 8 ತಿಂಗಳಿಂದ ನಮ್ಮೂರ ಗೋಲಗುಮ್ಮಟ ಕಟ್ಟುತ್ತಿದ್ದೇನೆ, ಒಂದು ಮೀಟರಿಗೆ ಒಂದು ಬ್ಲಾಕ್ ಲೆಕ್ಕದಲ್ಲಿ. ಎಲ್ಲ ಸಾಮಾನೂ ಪುಕ್ಕಟೆ ಸಿಗುವ ಕ್ರಿಯೇಟಿವ್ ಮೋಡ್ ಅಲ್ಲ, ಎಲ್ಲವನ್ನೂ ನಾವೇ ಗಳಿಸಬೇಕಾದ ಸರ್ವೈವಲ್. ಎತ್ತರ ಸುಮಾರು 51 ಮೀಟರ್, ಗುಮ್ಮಟದ ಹೊರಗಿನ ಅಗಲ ಸುಮಾರು 44 ಮೀಟರ್. ನಾಲ್ಕು ಮೂಲೆಗೂ ಎಂಟು ಮುಖದ, ಏಳು ಅಂತಸ್ತಿನ ಗೋಪುರ. ಅದರ ಕಿಟಕಿಗಳ ಸಾಲು ಎಣಿಸಲೆಂದೇ ನೋಟ್‌ಬುಕ್ ಹಿಡಿದು ಎರಡು ಸಲ ಹೋಗಿ ಬಂದೆ.

ಒಂದು ಗುರಿ ಇಟ್ಟುಕೊಂಡರೆ ಅದು ಹತ್ತು ಗುರಿ ಹೆರುತ್ತದೆ. ಅಸಲಿ ಗುಮ್ಮಟ ಕಪ್ಪು ಬಸಾಲ್ಟ್ ಕಲ್ಲಿನದು, ಹಾಗಾಗಿ ನನಗೂ ಬಸಾಲ್ಟೇ ಬೇಕಿತ್ತು. ಅದಕ್ಕೆ ಆಟದ ಪಾತಾಳಲೋಕ ನೆದರ್‌ಗೆ ಇಳಿಯಬೇಕು. ಅಷ್ಟು ಕಲ್ಲನ್ನು ಬೇಗ ಅಗೆಯಲು ದೊಡ್ಡ ಬೀಕನ್ (ಶಕ್ತಿ ಕೊಡುವ ದೀಪ) ಬೇಕು. ಬೀಕನ್‌ಗೆ ವಿದರ್ ಅನ್ನುವ ರಾಕ್ಷಸನನ್ನು ಕೊಲ್ಲಬೇಕು, ಕೆಳಗಿನ ಪಿರಮಿಡ್‌ಗೆ 164 ಕಬ್ಬಿಣದ ಬ್ಲಾಕ್ ಬೇಕು, ಅಂದರೆ 1476 ಗಟ್ಟಿ. ಅದಕ್ಕೆ ಕಬ್ಬಿಣ ತಾನಾಗಿಯೇ ಸಿಗುತ್ತಿರುವ ಒಂದು ಕಬ್ಬಿಣದ ಫಾರ್ಮ್ ಕಟ್ಟಿದೆ. ಇದರಲ್ಲಿ ಒಂದನ್ನೂ ಆಟ ನನಗೆ ಮಾಡು ಅಂತ ಹೇಳಲಿಲ್ಲ.

ಗುಮ್ಮಟದ_ನೆರಳು (ವಿಜಯಪುರ)
ಅಣ್ಣಾ, ಕೆಲಸ ಕೇಳಿಯೇ ಖುಷಿಯಾಯಿತು, ಫೋಟೋ ಹಾಕಿ. ಆದರೆ ಅದು ಕಟ್ಟಡದ ಗುರಿ, ಬದುಕುಳಿಯುವ ಗುರಿ ಅಲ್ಲ. ನಿಮ್ಮ ಗುಮ್ಮಟ ಅರ್ಧಕ್ಕೆ ನಿಂತರೂ ನಿಮ್ಮ ಪಾತ್ರಕ್ಕೆ ಏನೂ ಆಗುವುದಿಲ್ಲ. ನನಗೆ ಬೇಕಾಗಿರುವುದು 'ಇವತ್ತು ತಪ್ಪಿದರೆ ಹೋಯಿತು' ಅನ್ನುವ ಆ ಮೊದಲ ವಾರದ ಭಯ.

ಇಟ್ಟಂಗಿ_ಭಟ್ಟಿ (ವಿಜಯಪುರ)
ಅರ್ಧಕ್ಕೆ ನಿಲ್ಲುವುದೇ ಭಯ. ಬಾರಾ ಕಮಾನ್ ಮುಂದೆ ದಿನಾ ಓಡಾಡುತ್ತೇವೆ, ಅಲ್ವಾ? ಎರಡನೇ ಅಲಿ ಆದಿಲ್ ಶಾಹನ ಆ ಗೋರಿ ಗೋಲಗುಮ್ಮಟವನ್ನೂ ಮೀರಿಸಬೇಕಿತ್ತು ಅಂತ ಹೇಳುತ್ತಾರೆ, ಉಳಿದದ್ದು ಬರೀ ಕಮಾನುಗಳು. ಡ್ರ್ಯಾಗನ್ ಕಂಡರೆ ನನಗೆ ಏನೂ ಅನ್ನಿಸುವುದಿಲ್ಲ, ನನ್ನ ಲೋಕ ಹಾಗೆ ಉಳಿದುಬಿಟ್ಟರೆ ಅನ್ನುವ ಯೋಚನೆ ಬಂದರೆ ನಿದ್ದೆ ಹೋಗುತ್ತದೆ.

ನವನಗರದವ (ಬಾಗಲಕೋಟೆ)
ನಮ್ಮ ಅಜ್ಜಿಯ ಹಳ್ಳಿಯಲ್ಲಿ ಹಗೇವು ಇತ್ತು. ಗೊತ್ತಿಲ್ಲದವರಿಗೆ: ನೆಲದೊಳಗೆ ತೋಡಿದ ಜೋಳದ ಕಣಜ. ಬಾಯಿ ಮುಚ್ಚಿ ಮಣ್ಣು ಹಾಕಿದರೆ ಜೋಳ ವರ್ಷಗಟ್ಟಲೆ ಕೆಡುವುದಿಲ್ಲ. ತೆರೆದ ಕೂಡಲೇ ಯಾರೂ ಒಳಗೆ ಇಳಿಯಬಾರದು, ಕೆಟ್ಟ ಗಾಳಿ ತುಂಬಿರುತ್ತದೆ, ಜೀವ ಹೋಗುತ್ತದೆ. ಹಗೇವು ತುಂಬಿದ ವರ್ಷ ಅಜ್ಜಿ ಆರಾಮಾಗಿ ಕೂತದ್ದನ್ನು ನಾನು ನೋಡಿಲ್ಲ, ಯಾಕೆಂದರೆ ಮುಂದಿನ ವರ್ಷ ಮಳೆ ಕೈಕೊಡಬಹುದು ಅನ್ನುವುದು ಅವಳಿಗೆ ಗೊತ್ತಿತ್ತು. ಗುಮ್ಮಟದ ತಮ್ಮನ ಆಟದಲ್ಲಿ ಹಗೇವು ಇದೆ, ಬರಗಾಲ ಇಲ್ಲ. ತೊಂದರೆ ಅಲ್ಲೇ ಇರುವುದು.

ರಿಮ್‌ವರ್ಲ್ಡ್ ಅನ್ನುವ, ಬೇರೆ ಗ್ರಹದಲ್ಲಿ ವಸಾಹತು ಕಟ್ಟುವ ಆಟ ಇದನ್ನು ಸರಿ ಮಾಡಿದೆ. ನಿಮ್ಮ ವಸಾಹತಿನ ಸಂಪತ್ತು ಏರಿದಂತೆ ಮೇಲೆ ಬೀಳುವ ದಾಳಿಯೂ ದೊಡ್ಡದಾಗುತ್ತದೆ. ಕೊನೆಗೆ ಒಂದು ಗುರಿಯೂ ಇದೆ, ಹಡಗು ಕಟ್ಟಿ ಗ್ರಹ ಬಿಟ್ಟು ಹೋಗಬಹುದು. ಅದರ ರಿಯಾಕ್ಟರ್ ಚಾಲೂ ಮಾಡಿದರೆ ಬಿಸಿಯಾಗಲು 15 ದಿನ ಹಿಡಿಯುತ್ತದೆ, ಆ 15 ದಿನವೂ ದಾಳಿ ಮೇಲೆ ದಾಳಿ. ಯಾವಾಗ ಚಾಲೂ ಮಾಡಬೇಕು ಅನ್ನುವುದು ಮಾತ್ರ ನಿಮ್ಮ ಕೈಯಲ್ಲಿ. ನಾನು ಆ ಬಟನ್ ಮುಂದೆ ಎರಡು ರಾತ್ರಿ ಕೂತಿದ್ದೆ.

ಟಿಳಕವಾಡಿ_ಗ್ಯಾಂಗ್ (ಬೆಳಗಾವಿ)
15 ದಿನದ ಮಾತು ಸರಿ. ಸಂಪತ್ತಿನ ಲೆಕ್ಕ ಮಾತ್ರ ನನಗೆ ಆಗುವುದಿಲ್ಲ ರೀ. ನಾನೂ ಆಡಿದ್ದೇನೆ. ದಾಳಿ ಚಿಕ್ಕದಿರಲಿ ಅಂತ ಬೇಡದ ಬಟ್ಟೆ, ಆಯುಧ ಎಲ್ಲ ಸುಟ್ಟುಹಾಕುತ್ತಿದ್ದೆ. ಬೆಳೆದ ಬೆಳೆಗೆ ರೈತನೇ ಬೆಂಕಿ ಇಟ್ಟ ಹಾಗೆ. ಚೆನ್ನಾಗಿ ಆಡಿದ್ದಕ್ಕೆ ಶಿಕ್ಷೆ ಕೊಡುವುದು ಕೊನೆಯ ಹಂತದ ಸವಾಲು ಹೇಗಾಗುತ್ತದೆ?

ವಾಲ್‌ಹೈಮ್ ಅನ್ನುವ ವೈಕಿಂಗ್ ಆಟದ ದಾರಿ ಇದಕ್ಕಿಂತ ಒಳ್ಳೆಯದು. ಕಷ್ಟ ನಿಮ್ಮ ಮನೆ ಹುಡುಕಿಕೊಂಡು ಬರುವುದು ಕಡಿಮೆ, ನೀವೇ ಅದರ ಹತ್ತಿರ ಹೋಗಬೇಕು. ಹುಲ್ಲುಗಾವಲು, ಕಪ್ಪು ಕಾಡು, ಜೌಗು, ಹಿಮದ ಗುಡ್ಡ, ಬಯಲು, ಹೀಗೆ ಒಂದೊಂದು ಸೀಮೆಗೆ ಒಬ್ಬೊಬ್ಬ ದೊಡ್ಡ ವೈರಿ. ಅವನನ್ನು ಹೊಡೆದರೆ ಮುಂದಿನ ಸೀಮೆಗೆ ಬೇಕಾದದ್ದು ಸಿಗುತ್ತದೆ. ಹಳೆಯ ಮನೆಯಲ್ಲಿ ನೆಮ್ಮದಿ, ಹೊಸ ಸೀಮೆಯಲ್ಲಿ ಸಾವು. ಎರಡೂ ಒಂದೇ ಆಟದಲ್ಲಿ.

ಕರದಂಟು_ಪ್ರೇಮಿ (ಗೋಕಾಕ)
ಬೇಜಾರಾದರೆ ನಿಲ್ಲಿಸಿ, ಅಷ್ಟೇ. ನೂರಾರು ತಾಸು ಖುಷಿ ಕೊಟ್ಟ ಆಟ ಇನ್ನೂ ಕೊಡಬೇಕು ಅನ್ನುವುದು ಸರಿಯಲ್ಲ. ಊಟ ಮುಗಿದ ಮೇಲೆ ಎಲೆ ಮುಂದಿನಿಂದ ಏಳುತ್ತೇವಲ್ಲ.

ರಾತ್ರಿಪಾಳಿ (ಬೆಳಗಾವಿ)
ಕರದಂಟು ಅವರ ಮಾತು ಅರ್ಧ ಒಪ್ಪುತ್ತೇನೆ. ಆದರೆ ಎಲೆಯಲ್ಲಿ ಊಟ ಇರುವಾಗಲೇ ಹಸಿವು ಸತ್ತರೆ ಅದು ಬೇರೆ ವಿಷಯ. ಗುಮ್ಮಟದವರಿಗೆ ಆಗಿರುವುದು ಅದು.

ನಾನು ದ ಲಾಂಗ್ ಡಾರ್ಕ್ ಆಡುತ್ತೇನೆ, ಇಂಟರ್‌ಲೋಪರ್ ಅನ್ನುವ ಬಹಳ ಕಷ್ಟದ ಮಟ್ಟದಲ್ಲಿ. ಪಾಳಿ ಮುಗಿಸಿ ಬೆಳಿಗ್ಗೆ ಬಂದು ಒಂದು ತಾಸು, ಅಷ್ಟೇ. ಕೆನಡಾದ ಹಿಮ, ನೀವೊಬ್ಬರೇ. ಸತ್ತರೆ ಸೇವ್ ಅಳಿಸಿಹೋಗುತ್ತದೆ. ಈ ಮಟ್ಟದಲ್ಲಿ ಬಂದೂಕು ಸಿಗುವುದಿಲ್ಲ. ಚಾಕು, ಕೊಡಲಿ ಬೇಕಾದರೆ ಕುಲುಮೆ ಹುಡುಕಿ ನೀವೇ ಬಡಿದುಕೊಳ್ಳಬೇಕು. ದಿನ ಕಳೆದಂತೆ ಚಳಿ ಜಾಸ್ತಿ ಆಗುತ್ತದೆ, ಬೇಟೆ ಕಡಿಮೆ ಆಗುತ್ತದೆ. ಬೆಂಕಿಕಡ್ಡಿ ಮಾಡಿಕೊಳ್ಳಲು ಬರುವುದೇ ಇಲ್ಲ. ಬಿಸಿಲು ಇದ್ದರೆ ಭೂತಗನ್ನಡಿ ಹಿಡಿದು ಬೆಂಕಿ ಹೊತ್ತಿಸಬಹುದು, ಮೋಡ ಇದ್ದರೆ ಕಡ್ಡಿಯೇ ಗತಿ. ಮನೆಯಲ್ಲಿ ಬೆಚ್ಚಗೆ ಕೂತೇ ಇರೋಣ ಅಂದರೆ ಅದಕ್ಕೂ ಬಿಡುವುದಿಲ್ಲ, ಜಾಸ್ತಿ ದಿನ ಒಳಗೇ ಇದ್ದರೆ ಮನೆಯೊಳಗಿನ ಹುಚ್ಚು ಹಿಡಿದು ಒಳಗೆ ಮಲಗಲು ಆಗುವುದಿಲ್ಲ.

ಇವತ್ತಿಗೆ 143 ದಿನ. ನನ್ನ ಹತ್ತಿರ 9 ಕಡ್ಡಿ ಉಳಿದಿವೆ. ಈ ಆಟದಲ್ಲಿ ಲೋಕವೇ ಸವೆಯುತ್ತಾ ಹೋಗುತ್ತದೆ, ಹಾಗಾಗಿ 143ನೇ ದಿನ ಮೊದಲ ದಿನಕ್ಕಿಂತ ಸುಲಭ ಆಗಿಲ್ಲ. ದೊಡ್ಡ ರಾಕ್ಷಸ ಬಂದಿಲ್ಲ, ದಾಳಿಯೂ ಬಂದಿಲ್ಲ.

ಗುಮ್ಮಟದ_ನೆರಳು (ವಿಜಯಪುರ)
ಅಕ್ಕಾ, ಹಾಗಾದರೆ ಸೋಲು ಮೊದಲೇ ಗೊತ್ತಿರುವ ಆಟ ಅಲ್ವಾ ಅದು? ಕಡ್ಡಿ ಮುಗಿಯುತ್ತದೆ ಅಂತ ಗೊತ್ತಿದ್ದೂ ದಿನಾ ಹೇಗೆ ಆಡುತ್ತೀರಿ?

ರಾತ್ರಿಪಾಳಿ (ಬೆಳಗಾವಿ)
ಕಡ್ಡಿ ಮುಗಿದ ಕೂಡಲೇ ಸಾಯುವುದಿಲ್ಲ. ಉರಿಯುವ ಬೆಂಕಿಯಿಂದ ಪಂಜು ಎತ್ತಿಕೊಂಡು ಮುಂದಿನ ಮನೆಯಲ್ಲಿ ಅದರಿಂದಲೇ ಹೊತ್ತಿಸಬಹುದು. ಗಾಳಿ ಎದ್ದರೆ ಆರಿಹೋಗುತ್ತದೆ, ಅದಕ್ಕೆ ಗಾಳಿ ನೋಡಿ ಹೊರಡುತ್ತೇನೆ. 40ನೇ ದಿನದಲ್ಲಿ ನನಗೆ ಇದು ಗೊತ್ತಿರಲಿಲ್ಲ, ಕಡ್ಡಿ ಕಡಿಮೆ ಆದ ಮೇಲೇ ಕಲಿತೆ. ಸೋಲು ಬರುತ್ತದೆ ಸರಿ, ಆದರೆ ಅದು ಎಷ್ಟು ದೂರ ಅನ್ನುವುದು ನನ್ನ ಕೈಯಲ್ಲಿದೆ. ಕೆಲಸದಲ್ಲಿ ಇಡೀ ರಾತ್ರಿ ಬೇರೆಯವರು ಹೇಳಿದ್ದು ಮಾಡಿ ಬಂದವಳಿಗೆ ಆ ಒಂದು ತಾಸು ತುಂಬಾ ದೊಡ್ಡದು.

ನವನಗರದವ (ಬಾಗಲಕೋಟೆ)
ಇದೇ ನೋಡಿ, ಬರಗಾಲ ಅಂದರೆ ಇದು. ನಾನು ರಿಮ್‌ವರ್ಲ್ಡ್ ಅಂದಿದ್ದೆ, ಈಗ ಅನ್ನಿಸುತ್ತಿದೆ ಅದಕ್ಕಿಂತ ಈ ಸವೆತ ನಿಜಕ್ಕೆ ಹತ್ತಿರ. ತಮ್ಮಾ, ಜೊಂಬಾಯ್ಡ್‌ನಲ್ಲೂ ಹೊಸ ಲೋಕ ಶುರು ಮಾಡುವಾಗ ನಿಯಮ ನಾವೇ ಬದಲಿಸುವ ಸ್ಯಾಂಡ್‌ಬಾಕ್ಸ್‌ನಲ್ಲಿ ಇದನ್ನು ತರಬಹುದು. ಸಾಮಾನು ತೀರಾ ಅಪರೂಪ ಮಾಡು, ತೆಗೆದ ಸಾಮಾನು ಮತ್ತೆ ಹುಟ್ಟದ ಹಾಗೆ ಇಡು, ಜೊಂಬಿಗಳ ತುದಿ ದಿನವನ್ನು 28ರಿಂದ ಬಹಳ ಮುಂದಕ್ಕೆ ತಳ್ಳು.

ಟಿಳಕವಾಡಿ_ಗ್ಯಾಂಗ್ (ಬೆಳಗಾವಿ)
ಒಂದು ಮಾತು ಯಾರೂ ಎತ್ತಲಿಲ್ಲ. ವಾಲ್‌ಹೈಮ್ ಬಂದದ್ದು 2021ರ ಫೆಬ್ರುವರಿಯಲ್ಲಿ. ನಾವು ಐದು ಜನ ಕಾಲೇಜು ಗೆಳೆಯರು ಒಂದೇ ಸರ್ವರ್‌ನಲ್ಲಿ, ರಾತ್ರಿ ಹತ್ತಕ್ಕೆ ಶುರು. ಐದನೇ ವೈರಿ ಯಾಗ್ಲುತ್‌ನನ್ನು ಹೊಡೆದಾಗ ಮುಂದಿನ ಸೀಮೆ ಇನ್ನೂ ಬಂದೇ ಇರಲಿಲ್ಲ, ಕಾಯುತ್ತಾ ಸಮುದ್ರದ ದಂಡೆಗೆ ಒಂದು ದೊಡ್ಡ ಮನೆ ಕಟ್ಟಿದೆವು. ಮಿಸ್ಟ್‌ಲ್ಯಾಂಡ್ಸ್ 2022ರ ಡಿಸೆಂಬರ್‌ನಲ್ಲಿ ಬಂತು, ಆಗ ಮೂವರು. ಆಶ್‌ಲ್ಯಾಂಡ್ಸ್ 2024ರ ಮೇನಲ್ಲಿ ಬಂತು, ಆಗ ಇಬ್ಬರು. ಒಬ್ಬ ಪುಣೆ, ಒಬ್ಬ ಬೆಂಗಳೂರು, ಒಬ್ಬನಿಗೆ ಮಗು ಹುಟ್ಟಿತು. ಮಾಡಿದವರು ಗುರಿ ಕೊಡುತ್ತಲೇ ಇದ್ದರು, ಹಿಡಿಯುವ ಕೈ ಕಡಿಮೆ ಆದವು. ಆ ಮನೆಯ ಒಲೆ ಮುಂದೆ ಐದು ಕುರ್ಚಿ ಇನ್ನೂ ಹಾಗೇ ಇವೆ, ತೆಗೆಯಲು ಮನಸ್ಸಿಲ್ಲ. ಅದಕ್ಕೆ ಗುಮ್ಮಟದವರೇ, ಒಬ್ಬರೇ ಆಡುತ್ತಿದ್ದರೆ ಮೊದಲು ಒಬ್ಬ ಜೊತೆಗಾರನನ್ನು ಕರೆಯಿರಿ.

ಗುಮ್ಮಟದ_ನೆರಳು (ವಿಜಯಪುರ)
ಎಲ್ಲ ಓದಿದೆ, ಎರಡು ದಿನ ಯೋಚಿಸಿದೆ. ಹೊಸ ಲೋಕ ಬೇಡ ಅನ್ನಿಸಿತು, ಈ ಪಾತ್ರವನ್ನು ಬಿಡಲು ಆಗುತ್ತಿಲ್ಲ. ಆಟ ಮಾಡಿದವರು ಇನ್ನೂ ಜಾಸ್ತಿ ಇಡಬೇಕಿತ್ತು ಅನ್ನುವ ಮಾತನ್ನು ನಾನು ಹಿಂದಕ್ಕೆ ತೆಗೆದುಕೊಳ್ಳುವುದಿಲ್ಲ. ಆದರೆ ರಾತ್ರಿಪಾಳಿ ಅಕ್ಕನ 9 ಕಡ್ಡಿ ತಲೆಯಿಂದ ಹೋಗುತ್ತಿಲ್ಲ. ಫ್ರೀಜರ್ ಇರುವವರೆಗೆ ನನಗೆ ಭಯ ಬರುವುದಿಲ್ಲ.

ಹಾಗಾಗಿ ಫೈರ್ ಸ್ಟೇಷನ್ ಬಿಟ್ಟು ಹೊರಟಿದ್ದೇನೆ. ಒಂದೇ ಚೀಲ, ವಾಹನ ಇಲ್ಲ. ಮುಲ್ಡ್ರಾ ದಾಟಿ ಲೂಯಿವಿಲ್ ತನಕ ನಡೆದುಕೊಂಡು ಹೋಗಬೇಕು. ನಕ್ಷೆಯ ಅತಿ ದೊಡ್ಡ ಊರು, ಜೊಂಬಿಗಳೂ ಅಲ್ಲೇ ಜಾಸ್ತಿ. ಈ 6 ತಿಂಗಳಲ್ಲಿ ಆ ಕಡೆ ಕಾಲೇ ಇಟ್ಟಿಲ್ಲ. ನಿನ್ನೆ ರಾತ್ರಿ ಎರಡೂ ಜನರೇಟರ್ ಬಂದ್ ಮಾಡಿದೆ. ಮೊದಲ ದಿನ ಮೂರು ಸಲ ಸಾಯುವ ಹಾಗಾಯಿತು, ಈಗ ಹೆದ್ದಾರಿ ಪಕ್ಕದ ಒಂದು ಶೆಡ್‌ನಲ್ಲಿದ್ದೇನೆ. ಹೊರಗೆ ಏನೋ ಬಾಗಿಲು ಬಡಿಯುತ್ತಿದೆ.

ರಾತ್ರಿಪಾಳಿ (ಬೆಳಗಾವಿ)
ಎಷ್ಟು ಇವೆ? ಶೆಡ್‌ಗೆ ಹಿಂದಿನ ಕಿಟಕಿ ಇದೆಯಾ?

ಗುಮ್ಮಟದ_ನೆರಳು (ವಿಜಯಪುರ)
ನಾಲ್ಕು ಕಾಣುತ್ತಿವೆ. ಕಿಟಕಿ ಇದೆ ಅಕ್ಕಾ.