ಸೌತ್ ಜಾರ್ಜಿಯಾ: ಸೀಲ್‌ಗಳು ವಾಪಸ್ ಬಂದವು, ನೀಲಿ ತಿಮಿಂಗಿಲ ಯಾಕೆ ಬರಲಿಲ್ಲ?

ಅಲೆಮಾರಿ_ಓದುಗ:

ನಿನ್ನೆ ರಾತ್ರಿ ಒಂದು ಫೋಟೊ ನೋಡಿದೆ. ತುಕ್ಕು ಹಿಡಿದು ಕೆಂಪಾದ ದೊಡ್ಡ ದೊಡ್ಡ ಎಣ್ಣೆ ಟ್ಯಾಂಕ್‌ಗಳು. ಹಿಂದೆ ಒಂದು ಪುಟ್ಟ ಬಿಳಿ ಚರ್ಚು, ಅದರ ಹಿಂದೆ ಹಿಮದ ಬೆಟ್ಟ. ಮುಂದೆ ಹುಲ್ಲಿನ ಮೇಲೆ ಸೀಲ್ ಒಂದು ಆರಾಮಾಗಿ ಮಲಗಿದೆ. ಜಾಗದ ಹೆಸರು ಗ್ರಿಟ್ವಿಕೆನ್, ದಕ್ಷಿಣ ಅಟ್ಲಾಂಟಿಕ್‌ನ ತುದಿಯಲ್ಲಿರುವ ಸೌತ್ ಜಾರ್ಜಿಯಾ ದ್ವೀಪದಲ್ಲಿದೆ.

ಊರೇ ಇಲ್ಲದ ಕಡೆ ಚರ್ಚ್ ಯಾಕೆ ಅಂತ ಹುಡುಕುತ್ತಾ ಹೋದೆ. 1904ರಿಂದ 1965ರವರೆಗೆ ಆ ಒಂದು ದ್ವೀಪದಲ್ಲಿ 1,75,250 ತಿಮಿಂಗಿಲಗಳನ್ನು ಕೊಯ್ದು ಎಣ್ಣೆ ತೆಗೆದಿದ್ದಾರೆ ಅಂತ ಓದಿದ ಮೇಲೆ ನಿದ್ದೆ ಬರಲಿಲ್ಲ. ಅದಕ್ಕೂ ಮುಂಚೆ ಸೀಲ್‌ಗಳ ಕಥೆಯೂ ಹೀಗೇ ಆಗಿತ್ತಂತೆ. ಆದರೆ ಸೀಲ್‌ಗಳು ಈಗ ದಡ ತುಂಬಾ ಇವೆ. ನೀಲಿ ತಿಮಿಂಗಿಲ ಮಾತ್ರ ಯಾಕೆ ಅದೇ ರೀತಿ ಚೇತರಿಸಿಕೊಳ್ಳಲಿಲ್ಲ? ಅಷ್ಟು ವರ್ಷ ಯಾರೂ ತಡೆಯಲೇ ಇಲ್ವಾ? ಗೊತ್ತಿರುವವರು ಸ್ವಲ್ಪ ಬಿಡಿಸಿ ಹೇಳಿ.

ಹಳೇನಕಾಶೆ:

ಇದು ಜೇಮ್ಸ್ ಕುಕ್‌ನಿಂದ ಶುರು. 1775ರ ಜನವರಿ 17ರಂದು ಆತ ಇಲ್ಲಿ ಇಳಿದು, ರಾಜ ಮೂರನೇ ಜಾರ್ಜ್‌ನ ಹೆಸರಿಟ್ಟ. ದಕ್ಷಿಣದ ದೊಡ್ಡ ಖಂಡ ಸಿಕ್ಕಿತು ಅಂತಲೇ ಅವನಿಗೆ ಆಸೆ. ಕರಾವಳಿ ಹಿಡಿದು ಹೋಗಿ ಕೊನೆಯ ಭೂಶಿರ ದಾಟಿದಾಗ ಇದು ಬರೀ ದ್ವೀಪ ಅಂತ ಗೊತ್ತಾಯಿತು. ಆ ಭೂಶಿರಕ್ಕೆ ಅವನಿಟ್ಟ ಹೆಸರೇ 'ನಿರಾಶೆ'. ಮರ ಹೋಗಲಿ, ಹಲ್ಲುಕಡ್ಡಿ ಮಾಡುವಷ್ಟು ಗಿಡವೂ ಇಲ್ಲ ಅಂತ ಬರೆದಿಟ್ಟ. ಆದರೆ ದಡದಲ್ಲಿ ಸೀಲ್‌ಗಳು ಬೇಕಾದಷ್ಟಿವೆ ಅಂತಲೂ ಬರೆದ. ನಿರಾಶೆಯ ಮಾತನ್ನು ಯಾರೂ ತಲೆಗೆ ಹಾಕಿಕೊಳ್ಳಲಿಲ್ಲ, ಸೀಲ್ ಮಾತು ಮಾತ್ರ ಬೇಟೆಗಾರರ ಕಿವಿಗೆ ಬಿತ್ತು.

ಹತ್ತು ಹನ್ನೆರಡು ವರ್ಷದಲ್ಲಿ ಬ್ರಿಟಿಷ್ ಹಡಗುಗಳು ಬಂದವು, ಅವರ ಹಿಂದೆಯೇ ಅಮೆರಿಕದವರೂ ಬಂದರು. ಫರ್ ಸೀಲ್‌ನ ತುಪ್ಪಳಕ್ಕೆ ಚೀನಾದ ಕ್ಯಾಂಟನ್‌ನಲ್ಲಿ ಒಳ್ಳೆ ಬೆಲೆ ಇತ್ತು. ಆನೆ ಸೀಲ್‌ನ ಕೊಬ್ಬನ್ನು ದಡದಲ್ಲೇ ಕಬ್ಬಿಣದ ಕಡಾಯಿಗಳಲ್ಲಿ ಕುದಿಸಿ ಎಣ್ಣೆ ಮಾಡುತ್ತಿದ್ದರು. ಎಡ್ಮಂಡ್ ಫ್ಯಾನಿಂಗ್ ಅನ್ನುವ ಅಮೆರಿಕನ್ ಕ್ಯಾಪ್ಟನ್ 1800-01ರ ಒಂದೇ ಸೀಸನ್‌ನಲ್ಲಿ 57,000 ಚರ್ಮ ಒಯ್ದ. 1822ರ ಹೊತ್ತಿಗೆ ಈ ದ್ವೀಪದಿಂದ ಸುಮಾರು 12 ಲಕ್ಷ ಫರ್ ಸೀಲ್‌ಗಳು ಹೋಗಿವೆ ಅಂತ ಜೇಮ್ಸ್ ವೆಡೆಲ್ ಅಂದಾಜು ಮಾಡಿದ್ದಾನೆ. ಅವನೂ ಸೀಲ್ ಬೇಟೆಗಾರನೇ, ಜೊತೆಗೆ ಒಳ್ಳೆಯ ನಾವಿಕ, ಅಲ್ಲಿನ ವೆಡೆಲ್ ಸಮುದ್ರಕ್ಕೆ ಅವನದೇ ಹೆಸರಿದೆ. ಈ ಇತಿಹಾಸದಲ್ಲಿ ನನ್ನನ್ನು ಜಾಸ್ತಿ ಕಾಡುವುದು ಇದೇ. ನಕಾಶೆ ಬರೆದವನು ಒಬ್ಬ, ಕೊಂದವನು ಇನ್ನೊಬ್ಬ ಅಂತ ಬೇರೆ ಮಾಡಿ ನೋಡೋಕೆ ಆಗಲ್ಲ. ಎಷ್ಟೋ ಸಲ ಇಬ್ಬರೂ ಒಬ್ಬನೇ.

ಗ್ರಿಟ್ವಿಕೆನ್ ಅಂದರೇ ಕಡಾಯಿ ಕೊಲ್ಲಿ. 1902ರಲ್ಲಿ ಬಂದ ಸ್ವೀಡನ್‌ನ ತಂಡಕ್ಕೆ ಹಳೆಯ ಬೇಟೆಗಾರರು ಬಿಟ್ಟುಹೋದ ಕಡಾಯಿಗಳು ಅಲ್ಲಿ ಸಿಕ್ಕಿದ್ದವು, ಹಾಗಾಗಿ ಆ ಹೆಸರು.

ನಾರ್ವೆ_ಕನ್ನಡತಿ:

ನಾನು ಆರು ವರ್ಷದಿಂದ ನಾರ್ವೆಯಲ್ಲಿದ್ದೇನೆ. ತಿಮಿಂಗಿಲದ ಭಾಗ ನಾನು ಹೇಳುತ್ತೇನೆ, ಯಾಕೆಂದರೆ ಅಲ್ಲಿ ಕೆಲಸ ಮಾಡಿದವರಲ್ಲಿ ಬಹಳಷ್ಟು ಜನ ಇಲ್ಲಿನ ಸಾಂಡೆಫ್ಯೋರ್ಡ್, ಟೋನ್ಸ್‌ಬರ್ಗ್ ಕಡೆಯವರು.

ಆ ಸ್ವೀಡನ್ ತಂಡದ ಹಡಗಿನ ಕ್ಯಾಪ್ಟನ್ ಕಾರ್ಲ್ ಆಂಟನ್ ಲಾರ್ಸೆನ್, ನಾರ್ವೆಯವನು. ಅವನ ಹಡಗು ಮಂಜುಗಡ್ಡೆಗೆ ಸಿಕ್ಕಿ ಮುಳುಗಿತು. ಅರ್ಜೆಂಟೀನಾದ ನೌಕೆ ಬಂದು ಎಲ್ಲರನ್ನೂ ಉಳಿಸಿ ಬ್ಯೂನಸ್ ಐರಿಸ್‌ಗೆ ಕರೆದುಕೊಂಡು ಹೋಯಿತು. ಅಲ್ಲಿ ಸನ್ಮಾನದ ಊಟಕ್ಕೆ ಕೂತಾಗ, ನಿಮ್ಮ ಮನೆ ಬಾಗಿಲಲ್ಲೇ ಇಷ್ಟು ತಿಮಿಂಗಿಲಗಳಿವೆ, ಯಾಕೆ ಹಿಡಿಯುತ್ತಿಲ್ಲ ಅಂತ ಲಾರ್ಸೆನ್ ಕೇಳಿದ. ಅಲ್ಲಿನವರು ದುಡ್ಡು ಹಾಕಿದರು. 1904ರ ನವೆಂಬರ್ 16ಕ್ಕೆ 60 ಜನ ನಾರ್ವೆಯವರ ಜೊತೆ ಅವನು ಗ್ರಿಟ್ವಿಕೆನ್‌ನಲ್ಲಿ ಇಳಿದ. ಮೊದಮೊದಲು ಕೊಲ್ಲಿ ಬಿಟ್ಟು ಹೊರಗೆ ಹೋಗುವ ಅಗತ್ಯವೇ ಇರಲಿಲ್ಲ, ಅಷ್ಟು ಹಂಪ್‌ಬ್ಯಾಕ್ ತಿಮಿಂಗಿಲಗಳು ಹತ್ತಿರದಲ್ಲೇ ಇದ್ದವು.

ಎಣ್ಣೆ ಯಾಕೆ ಬೇಕಿತ್ತು ಅಂದರೆ, ದೀಪಕ್ಕಲ್ಲ, ಆ ಕಾಲ ಆಗಲೇ ಮುಗಿಯುತ್ತಾ ಬಂದಿತ್ತು. ದ್ರವ ಎಣ್ಣೆಗೆ ಹೈಡ್ರೋಜನ್ ಸೇರಿಸಿ ಗಟ್ಟಿ ಮಾಡುವ ವಿಧಾನ ಆಗಷ್ಟೇ ಬಂದಿತ್ತು. ನಮ್ಮಲ್ಲಿ ಸಸ್ಯದ ಎಣ್ಣೆಯಿಂದ ಡಾಲ್ಡಾ ಮಾಡುತ್ತಾರಲ್ಲ, ಅದೇ ವಿಧಾನ. ಹಾಗೆ ತಿಮಿಂಗಿಲದ ಎಣ್ಣೆ ಯುರೋಪಿನ ಸೋಪಾಯಿತು, ಬ್ರೆಡ್ ಮೇಲೆ ಸವರುವ ಮಾರ್ಗರೀನ್ ಆಯಿತು. ಸೋಪು ಮಾಡುವಾಗ ಸಿಗುವ ಗ್ಲಿಸರಿನ್‌ನಿಂದ ಸ್ಫೋಟಕ ಮಾಡಬಹುದು. ಮೊದಲ ಮಹಾಯುದ್ಧದಲ್ಲಿ ಅದಕ್ಕೆ ಎಲ್ಲಿಲ್ಲದ ಬೇಡಿಕೆ ಬಂತು.

ಸಾಂಡೆಫ್ಯೋರ್ಡ್ ಬಂದರಿನಲ್ಲಿ 1950ರಲ್ಲಿ ಕಟ್ಟಿದ ಒಂದು ಬೇಟೆ ಹಡಗನ್ನು ಹಾಗೇ ಉಳಿಸಿಕೊಂಡಿದ್ದಾರೆ, ಹೆಸರು ಸದರ್ನ್ ಆಕ್ಟರ್. ಹೋದ ಬೇಸಿಗೆಯಲ್ಲಿ ಹತ್ತಿ ನೋಡಿದೆ. ಕ್ಯಾಪ್ಟನ್ ನಿಲ್ಲುವ ಜಾಗದಿಂದ ಮೂತಿಯಲ್ಲಿರುವ ಫಿರಂಗಿಯವರೆಗೆ ಒಂದು ಕಿರಿದಾದ ಕಬ್ಬಿಣದ ಸೇತುವೆ ಇದೆ, ಎರಡೂ ಕಡೆ ಬರೀ ಕಂಬಿ. ತಿಮಿಂಗಿಲ ಕಂಡ ಕೂಡಲೇ ಗನ್ನರ್ ಅದರ ಮೇಲೆ ಓಡಬೇಕು, ಅದೂ ಹಡಗು ಹೊಯ್ದಾಡುತ್ತಿರುವಾಗ. ಫಿರಂಗಿಯಿಂದ ಹಾರಿಸುವ ಈಟಿಗೆ ಹಾರ್ಪೂನ್ ಅಂತಾರೆ, ಅದರ ತುದಿಯಲ್ಲಿ ಗ್ರೆನೇಡ್ ಇರುತ್ತದೆ, ಒಳಹೊಕ್ಕ ಮೇಲೆ ಸಿಡಿಯುತ್ತದೆ. ಸತ್ತ ತಿಮಿಂಗಿಲ ಮುಳುಗದಿರಲಿ ಅಂತ ಹೊಟ್ಟೆಗೆ ಪೈಪ್ ಚುಚ್ಚಿ ಗಾಳಿ ತುಂಬುತ್ತಾರೆ. ಆ ಫಿರಂಗಿಯ ಹಿಡಿ ಮುಟ್ಟಿ ನೋಡಿದೆ. ಸವೆದು ನುಣ್ಣಗಾಗಿದೆ. ಸ್ವಲ್ಪ ಹೊತ್ತು ಅಲ್ಲೇ ನಿಂತಿದ್ದೆ, ಏನು ಹೇಳಬೇಕು ಅಂತ ಗೊತ್ತಾಗಲಿಲ್ಲ.

ನೀವು ನೋಡಿದ ಚರ್ಚಿನ ಬಿಡಿಭಾಗಗಳು ನಾರ್ವೆಯಲ್ಲಿ ತಯಾರಾಗಿ ಹಡಗಿನಲ್ಲಿ ಹೋಗಿದ್ದು. 1913ರ ಕ್ರಿಸ್‌ಮಸ್‌ಗೆ ತೆರೆಯಿತು. ಅದೇ ವರ್ಷ ಅಕ್ಟೋಬರ್ 8ರಂದು ಸೋಲ್‌ವೈಗ್ ಯಾಕಬ್‌ಸೆನ್ ಅನ್ನುವ ಹೆಣ್ಣುಮಗು ಅಲ್ಲೇ ಹುಟ್ಟಿದಳು. ಕೊಯ್ಯುವ ಅಂಗಳದಲ್ಲಿ ತಿಮಿಂಗಿಲದ ಪಕ್ಕ, ನಾಯಿಮರಿ ಜೊತೆ ಅವಳು ನಿಂತಿರುವ ಫೋಟೊ ಇದೆ, ಹುಡುಕಿ ನೋಡಿ. ಅವಳಿಗೆ ಅದೇ ಊರು, ಅಲ್ವಾ.

ಅಲೆಮಾರಿ_ಓದುಗ:

ಆ ಫೋಟೊ ನೋಡಿದೆ. ತಿಮಿಂಗಿಲದ ಮುಂದೆ ಮಗು ಬೆರಳಷ್ಟು ಕಾಣುತ್ತಾಳೆ. ಸರಿ, ತಡೆಯುವವರ ಬಗ್ಗೆ ಯಾರಾದರೂ ಹೇಳಿ. ಬ್ರಿಟಿಷರ ಆಡಳಿತ ಇತ್ತಲ್ಲ?

ಉಪ್ಪುನೀರು:

ಇತ್ತು, ಮತ್ತು ಅವರು ಸುಮ್ನೆ ಕೂತಿರಲಿಲ್ಲ. ಲೈಸೆನ್ಸ್ ಇಲ್ಲದೆ ದಡದಲ್ಲಿ ಸ್ಟೇಷನ್ ಹಾಕುವಂತಿರಲಿಲ್ಲ. ಮರಿ ಜೊತೆಗಿರುವ ತಾಯಿಯನ್ನು ಕೊಲ್ಲುವಂತಿರಲಿಲ್ಲ. ಶುರುವಿನಲ್ಲಿ ಕೊಬ್ಬು ಸುಲಿದು ಉಳಿದ ಇಡೀ ದೇಹವನ್ನು ಕೊಲ್ಲಿಯಲ್ಲಿ ತೇಲಿಬಿಡುತ್ತಿದ್ದರು, ಆಮೇಲೆ ಮಾಂಸ, ಮೂಳೆ ಎಲ್ಲಾ ಬಳಸಲೇಬೇಕು ಅಂತ ನಿಯಮ ಬಂತು. ಎಣ್ಣೆ ಮೇಲೆ ತೆರಿಗೆಯೂ ಇತ್ತು.

ಆದರೆ 1925ರಲ್ಲಿ ಲ್ಯಾನ್ಸಿಂಗ್ ಅನ್ನುವ ಹಡಗು ಬಂತು. ಹಿಂಭಾಗದಲ್ಲಿ ಇಳಿಜಾರು ದಾರಿ, ಅಲ್ಲಿಂದ ಇಡೀ ತಿಮಿಂಗಿಲವನ್ನು ಡೆಕ್ ಮೇಲೆ ಎಳೆದುಕೊಳ್ಳಬಹುದು. ಅಲ್ಲಿಗೆ ದಡವೇ ಬೇಡವಾಯಿತು. ದಡ ಬೇಡ ಅಂದರೆ ಲೈಸೆನ್ಸೂ ಬೇಡ, ತೆರಿಗೆಯೂ ಬೇಡ. ಕಾರ್ಖಾನೆಯೇ ಸಮುದ್ರದ ಮಧ್ಯೆ ತೇಲುತ್ತಿರುವಾಗ ಯಾರ ಕಾನೂನು ಹಿಡಿಯುತ್ತದೆ? 1930-31ರ ಒಂದೇ ಸೀಸನ್‌ನಲ್ಲಿ ಅಂಟಾರ್ಕ್ಟಿಕ್ ಸಮುದ್ರದಲ್ಲಿ 29 ಸಾವಿರಕ್ಕೂ ಹೆಚ್ಚು ನೀಲಿ ತಿಮಿಂಗಿಲಗಳನ್ನು ಕೊಂದರು.

ಎರಡನೇ ಮಹಾಯುದ್ಧ ಮುಗಿದ ಮೇಲೆ ಒಂದು ಮಿತಿ ಹಾಕಿದರು. ಅದನ್ನು ಹಾಕಿದ ರೀತಿ ನೋಡಿದರೆ ನನಗೆ ಈಗಲೂ ಸಿಟ್ಟು ಬರುತ್ತದೆ. ವರ್ಷಕ್ಕೆ 16,000 'ನೀಲಿ ತಿಮಿಂಗಿಲ ಯೂನಿಟ್'. ಒಂದು ನೀಲಿ ಅಂದರೆ ಎರಡು ಫಿನ್, ಅಥವಾ ಎರಡೂವರೆ ಹಂಪ್‌ಬ್ಯಾಕ್, ಅಥವಾ ಆರು ಸೈ, ಇವೆಲ್ಲ ತಿಮಿಂಗಿಲದ ಬೇರೆ ಬೇರೆ ಜಾತಿಗಳು. ಅಂದರೆ ಲೆಕ್ಕ ಇಟ್ಟಿದ್ದು ಪ್ರಾಣಿಗಲ್ಲ, ಎಣ್ಣೆಗೆ. ಯಾವ ಜಾತಿ ಕಡಿಮೆ ಆಗುತ್ತಿದೆ ಅನ್ನುವುದು ಆ ಲೆಕ್ಕದಲ್ಲಿ ಎಲ್ಲೂ ಕಾಣುವುದಿಲ್ಲ. ಜೊತೆಗೆ ಯಾವ ದೇಶಕ್ಕೆ ಎಷ್ಟು ಪಾಲು ಅಂತಲೂ ಇರಲಿಲ್ಲ, ಒಟ್ಟು ಮುಗಿಯುವವರೆಗೆ ಯಾರು ಬೇಗ ಕೊಲ್ಲುತ್ತಾರೋ ಅವರಿಗೆ. ಹಾಗಾಗಿ ಎಲ್ಲರೂ ಇನ್ನೂ ಜೋರು ಹಡಗು ಕಟ್ಟಿದರು. ಸೋವಿಯತ್ ಹಡಗುಗಳು ವರ್ಷಗಟ್ಟಲೆ ಸುಳ್ಳು ಲೆಕ್ಕ ಕೊಟ್ಟಿದ್ದು 1990ರ ದಶಕದಲ್ಲಿ ಹೊರಗೆ ಬಂತು. ಗ್ರಿಟ್ವಿಕೆನ್ ಮುಚ್ಚಿದ್ದು ಯಾರೋ ಮನಸ್ಸು ಬದಲಾಯಿಸಿದ್ದಕ್ಕಲ್ಲ. ಹಿಡಿಯಲು ತಿಮಿಂಗಿಲ ಉಳಿದಿರಲಿಲ್ಲ.

ಇನ್ನು ನಿಮ್ಮ ಮೂಲ ಪ್ರಶ್ನೆ. ಹೆಣ್ಣು ಫರ್ ಸೀಲ್ ಮೂರು ನಾಲ್ಕು ವರ್ಷಕ್ಕೇ ದೊಡ್ಡದಾಗಿ, ಹೆಚ್ಚುಕಡಿಮೆ ಪ್ರತಿ ವರ್ಷ ಮರಿ ಹಾಕುತ್ತದೆ. ಬರ್ಡ್ ಐಲ್ಯಾಂಡ್ ಅನ್ನುವ ಪುಟ್ಟ ದ್ವೀಪದಲ್ಲಿ 1930ರ ದಶಕದಲ್ಲಿ ಒಂದು ಸಣ್ಣ ಗುಂಪು ಉಳಿದಿತ್ತು. ಅಲ್ಲಿಂದಲೇ ಈಗ ಲಕ್ಷಗಟ್ಟಲೆ ಆಗಿವೆ. ನೀಲಿ ತಿಮಿಂಗಿಲ ಎರಡು ಮೂರು ವರ್ಷಕ್ಕೊಂದು ಮರಿ ಹಾಕುತ್ತದೆ, ಅದೂ ದೊಡ್ಡದಾಗಲು ಹಲವಾರು ವರ್ಷ ಬೇಕು. ಇನ್ನೊಂದು ಮಾತನ್ನು ವಿಜ್ಞಾನಿಗಳು ಹೇಳುತ್ತಾರೆ. ಮೇವು ಎಲ್ಲಿದೆ ಅನ್ನುವುದನ್ನು ಮರಿ ತಾಯಿಯ ಜೊತೆ ಈಜುತ್ತಾ ಕಲಿಯುತ್ತದೆ. ಸೌತ್ ಜಾರ್ಜಿಯಾಕ್ಕೆ ಬರುತ್ತಿದ್ದ ತಾಯಂದಿರೆಲ್ಲ ಸತ್ತ ಮೇಲೆ ಆ ದಾರಿ ತಿಳಿದವರೇ ಉಳಿದಿರಲಿಕ್ಕಿಲ್ಲ. ಸಮುದ್ರದಲ್ಲಿ ಕ್ರಿಲ್ ಇದೆ (ನೀಲಿ ತಿಮಿಂಗಿಲ ತಿನ್ನುವ, ಸೀಗಡಿಯಂಥ ಪುಟ್ಟ ಜೀವಿ), ಆದರೆ ಅಲ್ಲಿಗೆ ಕರೆದುಕೊಂಡು ಬರುವ ಹಿರಿಯರಿಲ್ಲ.

ಹಳೇನಕಾಶೆ:

ಒಂದು ಸೇರಿಸುತ್ತೇನೆ. ಉಪ್ಪುನೀರು ಹೇಳಿದ ಆ ತೆರಿಗೆ ಹಣದಲ್ಲೇ 1925ರಿಂದ ಡಿಸ್ಕವರಿ ಅನ್ನುವ ಹೆಸರಿನ ತಿಮಿಂಗಿಲ ಸಂಶೋಧನೆ ನಡೆಯಿತು. ಗ್ರಿಟ್ವಿಕೆನ್ ಪಕ್ಕದ ಕಿಂಗ್ ಎಡ್ವರ್ಡ್ ಪಾಯಿಂಟ್‌ನಲ್ಲಿ ಪ್ರಯೋಗಾಲಯ ಇತ್ತು. ವಿಜ್ಞಾನಿಗಳು ಕೊಯ್ಯುವ ಅಂಗಳಕ್ಕೇ ಹೋಗಿ, ರಕ್ತದಲ್ಲಿ ಬೂಟು ಜಾರುವ ಹಲಗೆ ಮೇಲೆ ನಿಂತು ಒಂದೊಂದು ತಿಮಿಂಗಿಲವನ್ನೂ ಅಳೆದರು, ಹೊಟ್ಟೆಯಲ್ಲಿ ಏನಿದೆ, ಗರ್ಭ ಇದೆಯಾ ಅಂತ ಬರೆದುಕೊಂಡರು. ಎಷ್ಟು ವರ್ಷಕ್ಕೊಂದು ಮರಿ ಅನ್ನುವ ಲೆಕ್ಕಕ್ಕೆ ತಳಪಾಯ ಬಿದ್ದಿದ್ದು ಅಲ್ಲೇ. ಆ ಜ್ಞಾನ ಹಾಗೆ ಬಂತು ಅನ್ನುವುದು ನನಗೆ ನುಂಗಲಾರದ ತುತ್ತು. ಆದರೆ ಅದಿಲ್ಲದಿದ್ದರೆ ಇವತ್ತು ನಾವು ಉತ್ತರ ಕೊಡೋಕೂ ಆಗುತ್ತಿರಲಿಲ್ಲ.

ನಾರ್ವೆ_ಕನ್ನಡತಿ:

ಪೂರ್ತಿ ಬಂದಿಲ್ಲ ಅಂತಲೂ ಅಲ್ಲ, ಅಲೆಮಾರಿ ಅವರೇ. ಹಂಪ್‌ಬ್ಯಾಕ್‌ಗಳು ಚೆನ್ನಾಗಿ ಚೇತರಿಸಿಕೊಂಡಿವೆ. ನೀಲಿ ತಿಮಿಂಗಿಲದ ವಿಷಯಕ್ಕೆ ಬಂದರೆ, 2018ರ ಸಮೀಕ್ಷೆಯಲ್ಲಿ ಕಣ್ಣಿಗೆ ಬಿದ್ದಿದ್ದು ಒಂದೇ ಒಂದು. 2020ರಲ್ಲಿ ಬ್ರಿಟಿಷ್ ಅಂಟಾರ್ಕ್ಟಿಕ್ ಸರ್ವೆ ನೇತೃತ್ವದ ತಂಡ 23 ದಿನ ಅದೇ ಸಮುದ್ರದಲ್ಲಿ ಸುತ್ತಿತು. 36 ಸಲ ಕಂಡವು, ಒಟ್ಟು 55.